ರೊಟ್ಟಿಗೆ ಬಂದ ಜ್ವರ

ಶಾಂತವೀರಪ್ಪ ಸತ್ತ ದಿನವೂ ನಮ್ಮ ಓಣಿ ಹಸಿರಾಗಿಯೇ ಇತ್ತು. ಪಡಸಾಲೆಯಲ್ಲಿ ಹೆಣವನ್ನು ಗೋಡೆಗೆ ಒರಗಿಸಿ ಕುಳ್ಳಿರಿಸಿದ್ದರು. ಹಣೆಗೆ ವಿಭೂತಿ, ಕೊರಳಿಗೆ ಹಾರ, ಬಲಗೈಯಲ್ಲಿ ಸರ್ಕಾರದ ಕಂಕಣ. ಸತ್ತವನಿಗೆ ಜ್ವರ ಇರುವುದಿಲ್ಲವಲ್ಲ, ಮೈ ತಣ್ಣಗಾಗುತ್ತಿದ್ದಂತೆ ಕಂಕಣ ಮತ್ತಷ್ಟು ಹಸಿರಾಗಿ ಹೊಳೆಯುತ್ತಿತ್ತು. ಭಜನೆಯವರು ಎರಡನೇ ಪದ ಹಿಡಿಯುವ ಹೊತ್ತಿಗೆ ಅಲ್ಲಿ ಕೂತವರೆಲ್ಲರ ಮೊಬೈಲುಗಳು ಒಟ್ಟಿಗೆ ಸದ್ದು ಮಾಡಿದವು. 'ಅಭಿನಂದನೆಗಳು. ಹಳೇ ಮಗ್ಗದ ಓಣಿ ನೂರು ಜ್ವರರಹಿತ ದಿನಗಳನ್ನು ಪೂರೈಸಿದೆ. ನಿಮಗೆ ದಿನವೂ ನೀರು ಮುಂದುವರಿಯಲಿದೆ.' ಒಬ್ಬಿಬ್ಬರು ನಕ್ಕರು, ಆಮೇಲೆ ಎದುರಿಗೆ ಹೆಣ ಇರುವುದು ನೆನಪಾಗಿ ಮುಖ ಸರಿಮಾಡಿಕೊಂಡರು.

ಆ ಸಂದೇಶ ಕಳಿಸಿದ ಕೇಂದ್ರದಲ್ಲೇ ನಾನು ಕೆಲಸ ಮಾಡುವುದು. ಹೆಸರು ದ್ರಾಕ್ಷಾಯಣಿ. ಜೀವರಸಾಯನ ಶಾಸ್ತ್ರ ಓದಿದವಳು. ಹಿರೇಕೊಪ್ಪ ನಗರದ ಜ್ವರ ನಿಗಾ ಕೇಂದ್ರದಲ್ಲಿ ರಕ್ತ ಪರೀಕ್ಷೆ ಮಾಡುವ ಪ್ರಯೋಗಾಲಯವೊಂದಿದೆ, ಅದಕ್ಕೆ ನಾನೇ ಅಧಿಕಾರಿ, ನಾನೇ ಜವಾನಳು. ವಾರಕ್ಕೆ ಎರಡು ದಿನ ನಿಯಂತ್ರಣ ಕೋಣೆಯ ಪಾಳಿಯನ್ನೂ ನನ್ನ ತಲೆಗೇ ಕಟ್ಟಿದ್ದಾರೆ. ರಕ್ತ ನೋಡುವ ಕೆಲಸ ಅಲ್ಲಿ ಯಾರಿಗೂ ಕೆಲಸ ಅನಿಸುವುದಿಲ್ಲ.

ಕಂಕಣದ ಹುಟ್ಟು ಹೀಗೆ. ಹಿರೇಕೊಪ್ಪಕ್ಕೆ ನಲ್ಲಿ ನೀರು ಬರುವುದು ಎಂಟು ದಿನಕ್ಕೊಮ್ಮೆ. ಬಂದ ದಿನ ಬ್ಯಾರಲ್ಲು, ಹಂಡೆ, ಕೊಡ ಎಲ್ಲವನ್ನೂ ತುಂಬಿಸಿಡಬೇಕು. ತುಂಬಿಸಿಟ್ಟ ನೀರಿನಲ್ಲಿ ಡೆಂಗಿ ಸೊಳ್ಳೆ ಸಂಸಾರ ಹೂಡುತ್ತದೆ. ಇದು ಐದನೇ ತರಗತಿಯ ಪುಸ್ತಕದಲ್ಲೂ ಇದೆ. ಎಲ್ಲ ಓಣಿಗೂ ದಿನವೂ ನೀರು ಬಿಟ್ಟರೆ ಬ್ಯಾರಲ್ಲೂ ಬೇಕಿಲ್ಲ, ಸೊಳ್ಳೆಗೆ ಮನೆಯೂ ಇಲ್ಲ. ಆದರೆ ಇಷ್ಟು ಸರಳವಾದ ಕೆಲಸಕ್ಕೆ ನಿರ್ದೇಶಕರು ಬೇಕಾಗುವುದಿಲ್ಲ, ಗೋಡೆಯಷ್ಟು ಅಗಲದ ಪರದೆಯೂ ಬೇಕಾಗುವುದಿಲ್ಲ. ಆದ್ದರಿಂದ ಊರಿನ ಪ್ರತಿಯೊಬ್ಬರ ಮುಂಗೈಗೂ ಬಿಚ್ಚಲು ಬಾರದ ಕಂಕಣ ಹಾಕಿದರು. ಅದು ನಿಮಿಷ ನಿಮಿಷಕ್ಕೂ ಮೈಯ ಬಿಸಿಯನ್ನು ಅಳೆದು ಕೇಂದ್ರಕ್ಕೆ ಕಳಿಸುತ್ತದೆ. ಅರ್ಧ ತಾಸು ನೂರು ಡಿಗ್ರಿ ದಾಟಿದರೆ ಕೆಂಪು, ಇಲ್ಲದಿದ್ದರೆ ಹಸಿರು. ಮೇಲಿನ ಮಿತಿ ಇಟ್ಟ ಮಹಾನುಭಾವರಿಗೆ ಕೆಳಗೊಂದು ಮಿತಿ ಬೇಕು ಎಂದು ಹೊಳೆಯಲಿಲ್ಲ, ಹೆಣಗಳೂ ಆರೋಗ್ಯವಂತರ ಪಟ್ಟಿಗೆ ಸೇರಿಕೊಂಡವು.

ಹಸಿರಾಗಿರುವ ಓಣಿಗೆ ಬಹುಮಾನವಾಗಿ ದಿನವೂ ನೀರು. ಕೆಂಪಾದ ಓಣಿಗೆ ಎಂಟು ದಿನಕ್ಕೊಮ್ಮೆ. ಅಂದರೆ ಯಾರನ್ನು ಸೊಳ್ಳೆ ಕಡಿದಿದೆಯೋ ಅವರು ಇನ್ನೂ ನಾಲ್ಕು ಬ್ಯಾರಲ್ಲು ತುಂಬಿಸಿಟ್ಟು ಇನ್ನಷ್ಟು ಸೊಳ್ಳೆ ಸಾಕಲಿ ಎಂದು. ಗಾಯದ ಮೇಲೆ ಬರೆ ಎಳೆಯುವ ಈ ಯೋಜನೆಗೆ ಎರಡು ಪ್ರಶಸ್ತಿಗಳೂ ಬಂದವು.

ಜನ ಏನು ಮಾಡಿದರು? ಜನ ಮಾಡುವುದನ್ನೇ ಮಾಡಿದರು. ಬ್ಯಾರಲ್ಲು ತೊಳೆಯುವುದಕ್ಕಿಂತ ಜ್ವರ ಅಡಗಿಸುವುದು ಸುಲಭ ಎಂದು ಎಂಟೇ ದಿನಕ್ಕೆ ಕಂಡುಕೊಂಡರು. ಜ್ವರದ ಬಿಳಿ ಗುಳಿಗೆ, ಪ್ಯಾರಾಸಿಟಮಾಲ್, ಊರಿನ ಪ್ರತಿ ಮನೆಯ ದೇವರ ಜಗುಲಿಯ ಪಕ್ಕಕ್ಕೆ ಬಂದು ಕೂತಿತು. ನಮ್ಮ ಓಣಿಯಲ್ಲಂತೂ ಅದಕ್ಕೆ ಪಾಳಿಯೇ ಇತ್ತು. ಮೊದಲು ನಲ್ಲಿಯ ಮುಂದೆ ಕೊಡದ ಪಾಳಿ ಹಚ್ಚುತ್ತಿದ್ದ ಹೆಂಗಸರು ಈಗ ಗುಳಿಗೆಯ ಡಬ್ಬಿಯ ಪಾಳಿ ಹಚ್ಚಿದರು. ಆ ಡಬ್ಬಿಯ ಯಜಮಾನಿ ನನ್ನ ಅತ್ತೆ ನಿಂಬೆವ್ವ. ಎಪ್ಪತ್ತರ ಹತ್ತಿರದ ಮುದುಕಿ, ಓದು ಬರಹ ಇಲ್ಲ, ಅಧಿಕಾರಕ್ಕೆ ಕೊರತೆ ಇಲ್ಲ. ದಿನಕ್ಕೆ ಮೂರು ಸಲ ಹಳೆಯ ಎಲಡಿಕೆ ಡಬ್ಬಿ ಹಿಡಿದು ಓಣಿ ಸುತ್ತುವಳು. ಯಾರ ಮುಖ ಕೆಂಪಾಗಿದೆ, ಯಾರು ಕಂಬಳಿ ಹೊದ್ದಿದ್ದಾರೆ ಎಂದು ನೋಡಿ, ಅಂಗೈಯಲ್ಲಿ ಎರಡು ಗುಳಿಗೆ ಇಡುವಳು. ತೀರ್ಥದಂತೆ ಕಣ್ಣಿಗೊತ್ತಿಕೊಂಡು ನುಂಗುವ ಮೂಢರೂ ಇದ್ದರು.

"ಅತ್ತಿ, ಅದು ಪೆಪ್ಪರಮಿಂಟ್ ಅಲ್ಲರೀ," ಎಂದು ಒಮ್ಮೆ ಹೇಳಿದ್ದೆ.

"ನಿನ್ನ ಶಾಣ್ಯಾತನ ನಿನ್ನ ಲ್ಯಾಬಿನ್ಯಾಗ ಇಟಗೋ," ಎಂದಳು ಅವಳು. "ದಿನಾ ಎರಡು ಹಂಡೆ ನೀರಾಗ ಮೈ ತೊಳಕೊಂಡು ಹೋಗ್ತೀ. ಆ ನೀರು ನಿನ್ನ ಲ್ಯಾಬಿನಿಂದ ಬರೂದಿಲ್ಲ, ಈ ಡಬ್ಬಿಯಿಂದ ಬರ್ತೈತಿ."

ಎರಡು ಹಂಡೆ ನೀರು ನನಗೂ ಬೇಕಾಗಿತ್ತು. ಮಾತಿನಲ್ಲಿ ಸೋತಾಗ ನಾನು ಮುಖ ಸಿಂಡರಿಸಿಕೊಂಡು ಒಳಗೆ ಹೋಗುತ್ತೇನೆ, ಅವತ್ತೂ ಹೋದೆ.

ಈಗ ಯಕೃತ್ತಿನ ವಿಷಯ. ಡೆಂಗಿ ಎಂದರೆ ನಮ್ಮ ಜನಕ್ಕೆ ಗೊತ್ತಿರುವುದು ಎರಡೇ: ಜ್ವರ ಮತ್ತು ಪ್ಲೇಟ್‌ಲೆಟ್. ಹೊಟ್ಟೆಯ ಬಲಗಡೆ, ಪಕ್ಕೆಲುಬಿನ ಕೆಳಗೆ ಒಂದೂವರೆ ಕಿಲೋ ತೂಕದ ಅಂಗವೊಂದು ಹಗಲಿರುಳು ದುಡಿಯುತ್ತಿದೆ ಎಂಬ ಖಬರೇ ಇಲ್ಲ. ಡೆಂಗಿಯ ವೈರಾಣು ರಕ್ತದಿಂದ ಆ ಯಕೃತ್ತಿನ ಜೀವಕೋಶಗಳಿಗೆ ನುಗ್ಗುತ್ತದೆ, ಅಲ್ಲೇ ಮರಿ ಹಾಕುತ್ತದೆ. ಅದನ್ನು ಕೊಲ್ಲಲು ಬಂದ ನಮ್ಮದೇ ಮೈಯ ಕಾವಲು ಕೋಶಗಳು ವೈರಾಣುವಿನ ಜೊತೆಗೆ ಯಕೃತ್ತನ್ನೂ ಬಡಿಯುತ್ತವೆ. ಒಡೆದ ಕೋಶಗಳಿಂದ ಕಿಣ್ವಗಳು ರಕ್ತಕ್ಕೆ ಸೋರುತ್ತವೆ. ಆ ಸೋರಿಕೆಯನ್ನು ನಾನು ಅಳೆಯುತ್ತೇನೆ. ಒಳ್ಳೆಯ ಯಕೃತ್ತಿನವರಲ್ಲಿ ಅದು ನಲವತ್ತರ ಒಳಗೆ. ಡೆಂಗಿಯಲ್ಲಿ ಇನ್ನೂರು ಮುನ್ನೂರಕ್ಕೆ ಹೋಗಿ, ಬಹಳ ಮಂದಿಯಲ್ಲಿ ತಾನಾಗಿಯೇ ಇಳಿಯುತ್ತದೆ.

ಬಿಳಿ ಗುಳಿಗೆಯನ್ನು ಅರಗಿಸಬೇಕಾದದ್ದೂ ಅದೇ ಯಕೃತ್ತು. ವೈದ್ಯರು ಹೇಳಿದ ಅಳತೆಯಲ್ಲಿ ತೆಗೆದುಕೊಂಡರೆ ಗುಳಿಗೆಯಿಂದ ತೊಂದರೆ ಇಲ್ಲ. ಅರಗುವಾಗ ಅದರ ಒಂದು ಪಾಲು ವಿಷವಾಗುತ್ತದೆ, ಆ ವಿಷವನ್ನು ತೊಳೆಯುವ ಸರಕು ಯಕೃತ್ತಿನಲ್ಲೇ ಇರುತ್ತದೆ. ಆದರೆ ಕಾಯಿಲೆ ಬಿದ್ದು, ಮೂರು ದಿನ ಅನ್ನ ಬಿಟ್ಟವನ ಯಕೃತ್ತಿನಲ್ಲಿ ಆ ಸರಕು ಎಷ್ಟಿರುತ್ತದೆ? ಅದರ ಮೇಲೆ ಗುಳಿಗೆ ಸುರಿಯುತ್ತಾ ಹೋದರೆ ಅದು ಕೈಚೆಲ್ಲುತ್ತದೆ. ಇನ್ನೊಂದು ಮಾತಿದೆ, ಇದನ್ನು ಕೇಳಿದರೆ ಕಂಕಣ ಕಂಡುಹಿಡಿದವರು ನಾಚಿ ಸಾಯಬೇಕು. ಡೆಂಗಿಯಲ್ಲಿ ನಿಜವಾದ ಅಪಾಯ ಶುರುವಾಗುವುದು ಜ್ವರ ಬಿಟ್ಟ ಮೇಲೆ, ನಾಲ್ಕನೇ ಐದನೇ ದಿನಕ್ಕೆ. ಅಂದರೆ ಕಂಕಣ ಹಸಿರಾದ ಗಳಿಗೆಯಿಂದ.

ಶಾಂತವೀರಪ್ಪನಿಗಿಂತ ಮೊದಲೇ ಮೂವರ ರಕ್ತದಲ್ಲಿ ನಾನು ಸಾವಿರ ದಾಟಿದ ಅಂಕಿ ನೋಡಿದ್ದೆ. ಮೂವರೂ ಹಸಿರು. ನಿರ್ದೇಶಕ ಡಾ. ವೀರಭದ್ರ ಕೋರಿಯವರಿಗೆ ಬಾಯಿಮಾತಿನಲ್ಲಿ ಹೇಳಿದೆ. "ಮೇಡಂ, ನಿಮ್ಮ ಯಂತ್ರ ಒಮ್ಮೆ ಸರ್ವಿಸ್ ಮಾಡಸ್ರಿ," ಎಂದರು. ಈ ಕೋರಿಯವರು ಓದಿ ಸಹಿ ಹಾಕಿದ ಕಾಗದ ಹುಟ್ಟಿಲ್ಲ. ಒಂದು ದಿನ ತಮಾಷೆಗೆಂದು ನಾನು ಪ್ರಯೋಗಾಲಯದ ಗೋಡೆ ಗಡಿಯಾರಕ್ಕೆ, ಅದು ನಿಂತುಹೋಗಿ ದಣಿದಿರುವ ಕಾರಣ, ಮೂರು ದಿನ ಸಾಂದರ್ಭಿಕ ರಜೆ ಮಂಜೂರು ಮಾಡಬೇಕೆಂದು ಅರ್ಜಿ ಬರೆದು ಕಡತದ ನಡುವೆ ಇಟ್ಟೆ. 'ಮಂಜೂರಾಗಿದೆ' ಎಂದು ಸಹಿ ಬಿದ್ದು ಬಂತು. ಆ ಕಾಗದವನ್ನು ಗಡಿಯಾರದ ಕೆಳಗೆ ಅಂಟಿಸಿದೆ. ಸಂಜೆ ಓಣಿಯ ಕಟ್ಟೆಯ ಮೇಲೆ ಈ ಕಥೆ ಹೇಳಿದಾಗ ಎಲ್ಲರೂ ಬಿದ್ದು ಬಿದ್ದು ನಕ್ಕರು.

ಆಮೇಲೆ ಶಾಂತವೀರಪ್ಪನ ಸರದಿ. ನಮ್ಮ ಎದುರು ಮನೆಯ ದರ್ಜಿ. ಐದನೇ ದಿನ ವಾಂತಿ ಮಾಡುತ್ತಿದ್ದವನನ್ನು ಹೆಂಡತಿ ಕಸ್ತೂರೆವ್ವ ಆಟೋದಲ್ಲಿ ಆಸ್ಪತ್ರೆಗೆ ಒಯ್ದಳು. ಬಾಗಿಲಲ್ಲಿ ಕಂಕಣ ನೋಡಿದರು, ಹಸಿರು, 'ನಿರೋಗಿ' ಎಂದು ಚೀಟಿ ಬಂತು. ಖಾಸಗಿ ಆಸ್ಪತ್ರೆಯವರೂ ಮೊದಲು ನೋಡುವುದು ಕಂಕಣವನ್ನೇ. ಯಾರೋ ಪುಣ್ಯಾತ್ಮ ನರ್ಸ್ ಒಂದು ಕೊಳವೆ ರಕ್ತ ತೆಗೆದು ನನ್ನ ಕಡೆ ಕಳಿಸಿದಳು. ಆರು ಸಾವಿರದ ಇನ್ನೂರು. ನಾನು ಫೋನು ಮಾಡುವ ಹೊತ್ತಿಗೆ ಅವನಿಗೆ ಎಚ್ಚರ ತಪ್ಪಿತ್ತು.

ಅವನ ಮಣ್ಣು ಮುಗಿಸಿ ಬಂದು ಹನ್ನೊಂದು ಪುಟದ ವರದಿ ಬರೆದೆ. ಕೋಷ್ಟಕ, ನಕ್ಷೆ, ಆಧಾರ ಎಲ್ಲ ಹಾಕಿದೆ. 'ನೋಡಲಾಗಿದೆ, ಕಡತಕ್ಕೆ ಸೇರಿಸಿ' ಎಂದು ಸಹಿ ಮಾಡಿ ಕೋರಿಯವರು ಒಳಗೆ ತಳ್ಳಿದರು. ನಾನು ಒಂದು ತಿಂಗಳು ಅವರನ್ನು ಮನಸ್ಸಿನಲ್ಲೇ ಬೈದೆ. ಡಬ್ಬಿ ಹಿಡಿದ ಅತ್ತೆಯನ್ನು ಬೈದೆ, ಗುಳಿಗೆ ನುಂಗುವ ಓಣಿಯನ್ನು ಬೈದೆ. ಬೈಯುವುದರಲ್ಲಿ ನನಗೆ ದೊಡ್ಡ ಸಮಾಧಾನ ಸಿಗುತ್ತಿತ್ತು. ನನ್ನ ಕೆಲಸ ನಾನು ಮಾಡಿದ್ದೇನೆ, ಇವರ ಹಣೆಬರಹ ಇವರದು ಎಂದುಕೊಂಡಿದ್ದೆ.

ಭಾನುವಾರ ನನ್ನ ಗಂಡ ಫಕ್ಕೀರೇಶನಿಗೆ ಮೈ ಬಿಸಿಯಾಯಿತು. ಅವನು ಮಿಲ್ಲಿನಲ್ಲಿ ಪವರ್‌ಲೂಮ್ ರಿಪೇರಿ ಮಾಡುವವನು, ಮಾತು ಕಡಿಮೆ. ಯಾರು ಏನು ಕೊಟ್ಟರೂ ಬೇಡ ಎನ್ನುವ ಸ್ವಭಾವವಲ್ಲ. ಸೋಮವಾರ ಕೆಲಸಕ್ಕೆ ಹೋದ, ಮಂಗಳವಾರವೂ ಹೋದ, ಬುಧವಾರ ಮೈ ಕೈ ಎಳೆದುಕೊಂಡೇ ಹೋಗಿಬಂದ. ಒಂದು ಕ್ಷಣವೂ ಕಂಕಣ ಕೆಂಪಾಗಲಿಲ್ಲ. ಮೂರೂ ರಾತ್ರಿ ಮಲಗುವಾಗ ಮೈ ನೋವೆಂದ, ನಾನು ಪುಸ್ತಕದಲ್ಲಿ ಹೇಳಿದ ಅಳತೆಯಂತೆ ಎರಡು ಗುಳಿಗೆ ಕೊಟ್ಟೆ. ಹಗಲಿನಲ್ಲಿ ಅವನ ಹೊಟ್ಟೆಗೆ ಏನು ಹೋಗಿದೆ ಎಂದು ಕೇಳಲಿಲ್ಲ. ಅತ್ತೆಯ ಡಬ್ಬಿಯ ವಿಷಯ ಎತ್ತುವುದೇ ನನಗೆ ಕೀಳೆನಿಸುತ್ತಿತ್ತು.

ಗುರುವಾರ ಬೆಳಗ್ಗೆ ಅವನು ಏಳಲಿಲ್ಲ. ಮೈ ತಣ್ಣಗಿತ್ತು, ಕಣ್ಣು ಅರೆ ತೆರೆದಿತ್ತು.

"ಜ್ವರಾ ಪೂರ್ತಿ ಬಿಟ್ಟೈತಿ ನೋಡವಾ," ಎಂದು ಅತ್ತೆ ಹಣೆ ಮುಟ್ಟಿ ಹಿಗ್ಗಿದಳು. "ನನ್ನ ಮಗಾ ಗಟ್ಟಿಗ. ಒಂದ ತಾಸೂ ಕೆಂಪ ಮಾಡಲಿಲ್ಲ."

ಫಕ್ಕೀರೇಶ ಮಗ್ಗುಲು ಹೊರಳಿ ವಾಂತಿ ಮಾಡಿದ. ಬಲಗಡೆ ಪಕ್ಕೆಲುಬಿನ ಕೆಳಗೆ ಕೈಯಿಟ್ಟೆ, ನರಳಿದ.

"ಅತ್ತಿ, ದಿನಕ್ಕ ಎಷ್ಟು ಗುಳಗಿ ಕೊಟ್ಟೀರಿ?"

"ನೀ ಸಿಟ್ಟ ಮಾಡಬ್ಯಾಡ. ಮುಂಜಾನೆ ಎರಡು, ಊಟಕ್ಕ ಬುತ್ತ್ಯಾಗ ಎರಡು, ಸಂಜೀಕ ಎರಡು. ಗುಳಗಿ ಪಾಕೀಟಿನ ಮ್ಯಾಲ ಬರದದ್ದ ಓದಿಸೇನಿ, ಆರಕ್ಕ ಹೆಚ್ಚು ಕೊಟ್ಟಿಲ್ಲ."

"ರೀ, ಮಿಲ್ಲಿನ್ಯಾಗ ಏನರ ಕೊಟ್ರೇನ್ರಿ?"

ಅವನು ಒಂದೊಂದೇ ಮಾತು ತಡವರಿಸಿ ಹೇಳಿದ. "ಗೇಟಿನ್ಯಾಗ ಎರಡು... ಚಾಕ್ಕ ಎರಡು... ಬಿಡೂ ಮುಂದ ಎರಡು. ಎಲ್ಲಾರಿಗೂ ಕೊಡ್ತಾರ. ಮಿಲ್ಲಿನ ಓಣಿನೂ ಹಸರ ಇರಬೇಕಲ್ಲ."

ಅತ್ತೆಯ ಆರು, ಮಿಲ್ಲಿನ ಆರು, ನನ್ನ ಎರಡು. ದಿನಕ್ಕೆ ಹದಿನಾಲ್ಕು, ಮೂರು ದಿನ. ಮೂರು ಕೈಗಳೂ ತಮ್ಮ ತಮ್ಮ ಅಳತೆಯಲ್ಲಿ ಸರಿಯಾಗಿಯೇ ಇದ್ದವು. ಮೂರನೆಯ ಕೈ ಜೀವರಸಾಯನ ಶಾಸ್ತ್ರ ಓದಿದ ಕೈ, ಅದಕ್ಕೂ ಕೂಡಿಸುವ ಲೆಕ್ಕ ಬರಲಿಲ್ಲ. ಅತ್ತೆ ನನ್ನ ಮುಖವನ್ನೇ ನೋಡುತ್ತಿದ್ದಳು. ಅವಳನ್ನು ಬೈಯದೆ ಸಿರಿಂಜು ಹುಡುಕಿದೆ.

ಅವನ ತೋಳಿನಿಂದ ಒಂದು ಕೊಳವೆ ರಕ್ತ ತೆಗೆದುಕೊಂಡು ಓಡಿದೆ. ಒಂಬತ್ತೂವರೆಗೆ ಯಂತ್ರ ಅಂಕಿ ತೋರಿಸಿತು: ಮೂರು ಸಾವಿರದ ಎಂಟುನೂರ ನಲವತ್ತು. ಶಾಂತವೀರಪ್ಪನಷ್ಟು ಕೆಟ್ಟಿರಲಿಲ್ಲ, ಆದರೆ ಅದೇ ಹಾದಿ ಹಿಡಿದಿತ್ತು. ಯಕೃತ್ತಿನಲ್ಲಿ ಖಾಲಿಯಾದ ಸರಕನ್ನು ತುಂಬುವ ಮದ್ದು ಇದೆ, ಹನಿ ಹನಿಯಾಗಿ ರಕ್ತನಾಳಕ್ಕೆ ಬಿಡುತ್ತಾರೆ. ಬೇಗ ಶುರು ಮಾಡಿದಷ್ಟೂ ಒಳ್ಳೆಯದು. ಮಧ್ಯಾಹ್ನದೊಳಗೆ ಶುರುವಾಗಲೇಬೇಕು ಎಂದು ನನಗೆ ಗೊತ್ತಿತ್ತು. ಆ ಮದ್ದು ಇರುವುದು ಆಸ್ಪತ್ರೆಯ ಒಳಗೆ, ಆಸ್ಪತ್ರೆಯ ಬಾಗಿಲಲ್ಲಿ ಕಂಕಣ ನೋಡುವ ಯಂತ್ರ.

ಕೋರಿಯವರ ಕೋಣೆಗೆ ಹೋದೆ. ಅವರು ಕನ್ನಡಿಯ ಮುಂದೆ ಕೋಟು ಸರಿಮಾಡಿಕೊಳ್ಳುತ್ತಿದ್ದರು. ರಾಜಧಾನಿಯಿಂದ ಹನ್ನೆರಡಕ್ಕೆ ಅಧಿಕಾರಿಗಳ ತಂಡ ಬರುವುದಿತ್ತು, ಈ ಯೋಜನೆಯನ್ನು ಇಡೀ ರಾಜ್ಯಕ್ಕೆ ಹಬ್ಬಿಸುವ ಮಾತಿತ್ತು.

"ನನ್ನ ಗಂಡನ್ನ ದಾಖಲ ಮಾಡಿಸ್ರಿ ಸರ್. ಲಿವರ್ ಕೈ ಬಿಡಾಕತ್ತೈತಿ."

"ಕಂಕಣ?"

"ಹಸರು."

"ಮತ್ತ ಆರಾಮ ಅದಾನಲ್ರೀ ಮೇಡಂ," ಎಂದರು ಅವರು, ನಿಜವಾಗಿ ಸಂತೋಷಪಟ್ಟು. "ನಿಮ್ಮ ಮನಿಯವರಂತ ನಿಯಮ ಮುರದ್ರ ನಾಳೆ ಊರೆಲ್ಲಾ ಬಂದು ನಿಲ್ತಾರ. ಏಳು ಕೆಂಪು ಬಿದ್ರ ಬ್ಯಾರೆ ಮಾತು. ಇವತ್ತು ಮಾತ್ರ ಒಂದೂ ಬೀಳಬಾರದು ನೋಡ್ರಿ, ಅತಿಥಿಗಳು ಬರಾಕತ್ತಾರ."

ಏಳು ಕೆಂಪಿನ ನಿಯಮ ನನಗೂ ಗೊತ್ತಿತ್ತು. ಒಂದೇ ಓಣಿಯಲ್ಲಿ ಒಂದೇ ಸಲಕ್ಕೆ ಏಳು ಕಂಕಣ ಕೆಂಪಾದರೆ ಅದು 'ಪೀಡಿತ ಓಣಿ'. ಆಗ ಬಣ್ಣ ಯಾವುದೇ ಇರಲಿ, ಆ ಓಣಿಯ ಯಾರನ್ನು ಬೇಕಾದರೂ ಆಸ್ಪತ್ರೆ ದಾಖಲು ಮಾಡಿಕೊಳ್ಳಬೇಕು. ಗಾಡಿ ತಾನಾಗಿಯೇ ಬರುತ್ತದೆ. ಅದರ ಜೊತೆಗೆ ಓಣಿಯ ದಿನದ ನೀರು ಒಂದು ವರ್ಷ ಬಂದ್. ಪಾಳಿಯಲ್ಲಿರುವ ಅಧಿಕಾರಿ ಹತ್ತು ನಿಮಿಷದೊಳಗೆ ಒಪ್ಪಿಗೆ ಗುಂಡಿ ಒತ್ತಬೇಕು. ಅವತ್ತಿನ ಪಾಳಿ ನನ್ನದೇ.

ಮನೆಗೆ ಫೋನು ಹಚ್ಚಿದೆ. ಅತ್ತೆಗೆ ಇದ್ದದ್ದನ್ನು ಇದ್ದಂತೆ ಹೇಳಿದೆ, ಮೊದಲ ಸಲ ಏನನ್ನೂ ಮುಚ್ಚಿಡದೆ, ಯಕೃತ್ತು ಎಲ್ಲಿದೆ, ಗುಳಿಗೆ ಅಲ್ಲಿ ಏನು ಮಾಡುತ್ತದೆ ಎಂಬುದರಿಂದ ಹಿಡಿದು ಏಳು ಕೆಂಪಿನ ನಿಯಮದವರೆಗೆ.

"ಇದನ್ನ ಮೊದಲ ಯಾಕ ಹೇಳಲಿಲ್ಲ ನೀ?" ಎಂದಳು ಕೊನೆಗೆ.

"ತಿಳಿಯೂದಿಲ್ಲ ಅನಕೊಂಡಿದ್ದೆ."

ಅತ್ತೆ ಆ ಮಾತನ್ನು ಅಲ್ಲಿಗೇ ಬಿಟ್ಟಳು. ಆಮೇಲೆ ಕೇಳಿದಳು, "ಆ ಕೈಬಳಿ ಮೈ ಬಿಸಿ ನೋಡ್ತೈತೋ, ಬರೇ ಬಿಸಿ ನೋಡ್ತೈತೋ?"

"ಬಿಸಿ ಅಷ್ಟ ನೋಡ್ತೈತಿ. ಭಾಳ ಬಿಸಿ ಆದ್ರ ಕೆಟ್ಟೈತಿ ಅಂತ ತಿಳೀತೈತಿ. ನೂರಾಎರಡು, ನೂರಾಮೂರು. ಅರ್ಧಾ ತಾಸು."

"ಹಂಚಿನಿಂದ ತಗದ ರೊಟ್ಟಿ ಬುಟ್ಟ್ಯಾಗ ಎರಡು ನಿಮಿಷ ಇಟ್ರ ಅಷ್ಟ ಇರ್ತೈತಿ," ಎಂದಳು ನಿಂಬೆವ್ವ. "ಕೈಗೆ ಹತ್ತಬೇಕು, ಸುಡಬಾರದು. ಐವತ್ತೈದು ವರ್ಷ ರೊಟ್ಟಿ ಬಡದೇನಿ, ಅದನ್ನ ನನಗ ಕಲಿಸಬ್ಯಾಡ."

ಅವಳು ಫೋನು ಇಟ್ಟಳು. ನನಗೆ ಆಸೆ ಇರಲಿಲ್ಲ. ಉಪಾಯ ಒಳ್ಳೆಯದೇ, ಆದರೆ ಫಕ್ಕೀರೇಶನ ಒಂದೇ ಕಂಕಣ ಬಿಸಿ ಮಾಡಿದರೆ ಆಸ್ಪತ್ರೆಯ ಬಾಗಿಲು ಮುಟ್ಟುವಷ್ಟರಲ್ಲಿ ಹಸಿರಾಗುತ್ತದೆ, ಅತ್ತೆಯ ಜೊತೆಗೆ ಆರು ಬೇರೆ ಕೈಗಳು ಬೇಕಿತ್ತು. ನಮ್ಮ ಓಣಿಯ ಜನ ನನಗೆ ಗೊತ್ತು. ಒಂದು ಕೊಡ ನೀರಿಗೆ ಸ್ವಂತ ಅಕ್ಕತಂಗಿಯರು ಜಡೆ ಹಿಡಿದದ್ದನ್ನು ನೋಡಿದ್ದೇನೆ. ಯಾರದೋ ಗಂಡನಿಗಾಗಿ ಒಂದು ವರ್ಷದ ನೀರು ಬಿಡುವವರು ಇವರಲ್ಲ ಎಂದುಕೊಂಡೆ.

ಹನ್ನೊಂದು ಮುಕ್ಕಾಲಿಗೆ ನಿಯಂತ್ರಣ ಕೋಣೆಯ ಪರದೆಯ ಮೇಲೆ ನಮ್ಮ ಮನೆಯ ಚುಕ್ಕೆ ಕೆಂಪಾಯಿತು. ನಿಂಬೆವ್ವ, ಎಪ್ಪತ್ತು ವರ್ಷ, ನೂರಾಮೂರು ಡಿಗ್ರಿ. ಗೋಡೆ ತುಂಬ ಹರಡಿದ ಹಸಿರಿನಲ್ಲಿ ಅದೊಂದೇ ಕೆಂಪು. ಸ್ವಲ್ಪ ಹೊತ್ತಿಗೆ ಅದರ ಬಗಲಿಗೆ ಎರಡನೆಯದು, ಹಿಟ್ಟಿನ ಗಿರಣಿಯ ಮನೆಯದು. ಅತ್ತೆಯ ಸ್ನೇಹಿತೆ, ಆಗಲಿ. ಮೂರು, ನಾಲ್ಕು ಒಟ್ಟಿಗೆ ಬಿದ್ದವು, ಕಳೆದ ವಾರವಷ್ಟೇ ಕಟ್ಟೆಯ ಮೇಲೆ ಜಗಳವಾಡಿ ಮಾತು ಬಿಟ್ಟ ಎರಡು ಮನೆಗಳು. ನಾನು ಕುರ್ಚಿಯಿಂದ ಎದ್ದು ನಿಂತೆ. ಐದನೆಯದು ಬಿದ್ದಾಗ ಬಾಗಿಲು ತೆರೆದು ಕೋರಿಯವರು ಅತಿಥಿಗಳನ್ನು ಕರೆದುಕೊಂಡು ಒಳಗೆ ಬಂದರು.

"ಇದು ನಮ್ಮ ಹೆಮ್ಮೆಯ..." ಎಂದು ಕೈ ಚಾಚಿದವರು ಪರದೆ ನೋಡಿ ನಿಂತುಬಿಟ್ಟರು. ನನ್ನ ಕಿವಿಯ ಹತ್ತಿರ ಬಾಗಿ, "ಏನ್ರೀ ಇದು? ಆ ಓಣಿ ಬಂದ್ ಮಾಡ್ರಿ, ರೀಸೆಟ್ ಮಾಡ್ರಿ," ಎಂದರು.

"ಅತಿಥಿಗಳು ನೋಡಾಕತ್ತಾರ ಸರ್," ಎಂದೆ, ಸ್ವಲ್ಪ ಜೋರಾಗಿಯೇ.

ಆರು. ಆಮೇಲೆ ಏನೂ ಇಲ್ಲ. ರೊಟ್ಟಿ ಆರುತ್ತದೆ, ಹೊಸದನ್ನು ಕಟ್ಟುತ್ತಿರಬೇಕು, ಕೈ ಬದಲಿಸುವಾಗ ಮೊದಲಿನವರ ಬಿಸಿ ಇಳಿದರೆ ಎಲ್ಲ ನೀರಿನಲ್ಲಿ ಹೋಮ ಮಾಡಿದ ಹಾಗೆ. ಗಿರಣಿಯ ಮನೆಯ ಚುಕ್ಕೆ ಮಸುಕಾಗತೊಡಗಿತು. ಐದು ನಿಮಿಷ. ಆರು ನಿಮಿಷ. ಇಷ್ಟೇ ಈ ಜನದ ಯೋಗ್ಯತೆ ಎಂದು ನನ್ನ ಒಳಗಿನ ಹಳೆಯ ದನಿ ಹೇಳುತ್ತಿತ್ತು, ಆ ದನಿಯನ್ನು ನಾನು ಅವತ್ತಿನಷ್ಟು ಎಂದೂ ದ್ವೇಷಿಸಿಲ್ಲ.

ಏಳನೆಯ ಚುಕ್ಕೆ ನಮ್ಮ ಎದುರು ಮನೆಯಲ್ಲಿ ಬಿತ್ತು. ಕಸ್ತೂರೆವ್ವ, ಐವತ್ತೊಂದು ವರ್ಷ, ನೂರಾಎರಡು ಡಿಗ್ರಿ. ನಾನು ಗುಂಡಿ ಒತ್ತಿದೆ.

ಪರದೆಯ ಮೇಲೆ 'ಪೀಡಿತ ಓಣಿ' ಎಂದು ಬಂತು, ಗಾಡಿ ಹೊರಟ ಸದ್ದು ಕೇಳಿತು. ಕೋರಿಯವರ ಮುಖದಲ್ಲಿ ರಕ್ತವಿರಲಿಲ್ಲ. ಆದರೆ ಅಂಥವರು ಬಿದ್ದರೂ ಮೀಸೆ ಮಣ್ಣಾಗುವುದಿಲ್ಲ. ಕ್ಷಣದಲ್ಲೇ ಅತಿಥಿಗಳ ಕಡೆ ತಿರುಗಿ, "ನೋಡಿದಿರಾ? ನಿಮ್ಮ ಕಣ್ಣೆದುರೇ ನಮ್ಮ ವ್ಯವಸ್ಥೆ ಸಾಂಕ್ರಾಮಿಕವೊಂದನ್ನು ಹದಿನೈದು ನಿಮಿಷದಲ್ಲಿ ಪತ್ತೆ ಹಚ್ಚಿತು," ಎಂದರು. ಅತಿಥಿಗಳು ಚಪ್ಪಾಳೆ ತಟ್ಟಿದರು. ಏಳು ರೊಟ್ಟಿಗಳಿಗೆ ಅಷ್ಟು ದೊಡ್ಡ ಮರ್ಯಾದೆ ಸಿಕ್ಕಿದ್ದು ಅದೇ ಮೊದಲು.

ಒಂದು ಗಂಟೆಗೆ ಫಕ್ಕೀರೇಶನ ಕೈಗೆ ಹನಿ ಮದ್ದು ಹಚ್ಚಿದರು. ಮೊದಲೆರಡು ದಿನ ಅಂಕಿ ಏರಿತು, ಐದು ಸಾವಿರ ಮುಟ್ಟಿತು, ಮೂರನೇ ದಿನ ನಿಂತಿತು. ಒಂಬತ್ತನೇ ದಿನ ಮನೆಗೆ ಬಂದ, ಕಣ್ಣು ಇನ್ನೂ ಹಳದಿ, ಅರ್ಧ ರೊಟ್ಟಿ ತಿನ್ನಲು ಅರ್ಧ ತಾಸು. ನಿಂಬೆವ್ವ ಎಲಡಿಕೆ ಡಬ್ಬಿಯನ್ನು ಬರಿದು ಮಾಡಿ, ತೊಳೆದು, ಮತ್ತೆ ಎಲೆ ಅಡಿಕೆ ತುಂಬಿದಳು. ನಮ್ಮ ಓಣಿಗೆ ನೀರು ಈಗ ಎಂಟು ದಿನಕ್ಕೊಮ್ಮೆ. ಬ್ಯಾರಲ್ಲುಗಳ ಬಾಯಿಗೆ ಹಳೆಯ ಸೀರೆ ಬಿಗಿದು ಕಟ್ಟಿಸಿದ್ದಾಳೆ, ದಿನಕ್ಕೆ ಮೂರು ಸಲ ಸುತ್ತಿ ಗಂಟು ನೋಡುತ್ತಾಳೆ.

ಸಾಂಕ್ರಾಮಿಕ ಪತ್ತೆ ಹಚ್ಚಿದ್ದಕ್ಕೆ ಕೋರಿಯವರಿಗೆ ಮೂರನೇ ಪ್ರಶಸ್ತಿ ಎಂದಾಯಿತು. ವಿವರವಾದ ವರದಿ ಬರೆದುಕೊಡಲು ನನಗೆ ಹೇಳಿದರು. ನಲವತ್ತು ಪುಟ ಬರೆದೆ. ಒಂಬತ್ತನೇ ಪುಟದಲ್ಲಿ 'ಜ್ವರದ ಮೂಲ: ಜೋಳದ ರೊಟ್ಟಿ' ಎಂದು ದಪ್ಪ ಅಕ್ಷರದಲ್ಲೇ ಹಾಕಿದೆ. ಇಪ್ಪತ್ತೆರಡನೇ ಪುಟದಲ್ಲಿ ನಿರ್ದೇಶಕರ ಆದೇಶ: ಮೈ ಕೈ ನೋವೆಂದು ಎರಡು ದಿನ ಮಲಗಿದ ಯಾರಿಗೇ ಆಗಲಿ, ಕಂಕಣ ಯಾವ ಬಣ್ಣದಲ್ಲೇ ಇರಲಿ, ಯಕೃತ್ತಿನ ರಕ್ತ ಪರೀಕ್ಷೆ ಆಗಬೇಕು, ಎಷ್ಟು ಗುಳಿಗೆ ಎಂದಷ್ಟೇ ಅಲ್ಲ, ಎಷ್ಟು ಕೈಗಳಿಂದ ಎಂದೂ ಕೇಳಬೇಕು, ದಾಖಲಾತಿ ಈ ಅಂಕಿಯ ಮೇಲೆ ನಡೆಯಬೇಕು. ನೀರು ಬಿಡುವುದು ಅವರ ಸಹಿಗೆ ಮೀರಿದ ವಿಷಯ, ಇಲ್ಲದಿದ್ದರೆ ಅದನ್ನೂ ಸೇರಿಸುತ್ತಿದ್ದೆ. ಕೋರಿಯವರು ಚಹಾ ಕುಡಿಯುತ್ತಾ ಎಲ್ಲ ಪುಟಕ್ಕೂ ಸಹಿ ಹಾಕಿದರು. ರೊಟ್ಟಿಯ ಪುಟಕ್ಕೆ ಮೊಹರು ಸ್ವಲ್ಪ ಓರೆಯಾಯಿತೆಂದು ಎರಡನೇ ಸಲ ಒತ್ತಿದರು.

ಮರುದಿನದಿಂದ ಆದೇಶ ಜಾರಿಗೆ ಬಂತು. ಮೊದಲ ವಾರ ಊರಿನ ಹದಿನೇಳು ಹಸಿರು ಜನರ ರಕ್ತ ನನ್ನ ಮೇಜಿಗೆ ಬಂತು, ಅದರಲ್ಲಿ ಹನ್ನೊಂದು ಮಂದಿಯ ಅಂಕಿ ಸಾವಿರ ದಾಟಿತ್ತು. ಹನ್ನೊಂದು ಮಂದಿಗೂ ಮದ್ದು ಸಿಕ್ಕಿತು.

ಆ ಸುದ್ದಿ ಪತ್ರಿಕೆಯಲ್ಲಿ ಬಂದ ದಿನ ನೀರಿನ ಪಾಳಿ. ನಲ್ಲಿಯ ಮುಂದೆ ಕಸ್ತೂರೆವ್ವ ನನಗಿಂತ ಮೊದಲು ನಿಂತಿದ್ದಳು. ಏಳನೇ ರೊಟ್ಟಿಗೆ ನಾನಿನ್ನೂ ಅವಳಿಗೆ ಸರಿಯಾಗಿ ಏನೂ ಹೇಳಿರಲಿಲ್ಲ. ಅವತ್ತು ಹೇಳಿದೆ. ಆದೇಶಕ್ಕೆ ಸಹಿ ಬಿದ್ದ ಕಥೆಯನ್ನೂ ಹೇಳಿದೆ, ಸ್ವಲ್ಪ ಹೆಮ್ಮೆಯಿಂದಲೇ.

"ಓದದ ಹಾಕಿದನ?" ಎಂದಳು.

"ಒಂದ ಅಕ್ಷರ ಓದಲಿಲ್ಲ ಕಸ್ತೂರಕ್ಕ."

ಅವಳ ಕೊಡ ತುಂಬುತ್ತಿತ್ತು. ನೀರಿನ ಮೇಲೆಯೇ ಕಣ್ಣಿಟ್ಟುಕೊಂಡು ಹೇಳಿದಳು, "ಗಡಿಯಾರಕ್ಕ ರಜಾ ಕೊಟ್ಟ ಕತಿ ಹೇಳಿದ್ದಿಯಲ್ಲಾ ಯವ್ವಾ, ಕಟ್ಟಿ ಮ್ಯಾಲ ಕುಂತು. ಅವತ್ತ ನಮ್ಮ ಮನಿಯವರು 'ಇನ್ನೊಮ್ಮೆ ಹೇಳು' ಅಂತ ಎರಡ ಸಲ ಹೇಳಿಸಿ ನಕ್ಕಿದ್ರು."

ಅದರಲ್ಲಿ ಕೊಂಕು ಇರಲಿಲ್ಲ. ನೆನಪಾಯಿತು, ಹೇಳಿದಳು ಅಷ್ಟೇ. ಕೊಡವನ್ನು ಸೊಂಟಕ್ಕೇರಿಸಿಕೊಂಡು, ಅದರ ಬಾಯಿಗೆ ಸೆರಗು ಮುಚ್ಚಿ ಮನೆಯೊಳಗೆ ಹೋದಳು. ಓದದೆ ಬೀಳುವ ಆ ಸಹಿಯ ಗುಟ್ಟು ಶಾಂತವೀರಪ್ಪ ಬದುಕಿದ್ದಾಗಲೇ ನನಗೆ ಗೊತ್ತಿತ್ತು. ಪಾಳಿ ನನ್ನದಾಗಿತ್ತು. ನಲ್ಲಿ ಸುರಿಯುತ್ತಲೇ ಇತ್ತು, ನನ್ನ ಕೊಡ ಕೈಯಲ್ಲೇ ಇತ್ತು.